ಅಸಲಿಗೆ ಜಮೆಯಾದದ್ದು 727 ರೂಪಾಯಿ

2023ರ ಏಪ್ರಿಲ್‌ನಲ್ಲಿ, ತೆರಿಗೆ ಲೆಕ್ಕಕ್ಕೆ ಬೇಕಾದ ಬಡ್ಡಿಯ ಪ್ರಮಾಣಪತ್ರವನ್ನು ಇಳಿಸಿಕೊಳ್ಳಲೆಂದು ಗೃಹಸಾಲದ ಖಾತೆಯನ್ನು ತೆರೆದಾಗ, ಆ ತಿಂಗಳ ಸಾಲಿನಲ್ಲಿ ಮೂರು ಅಂಕಿಗಳು ಕಂಡವು. ಕಂತು 31,012. ಬಡ್ಡಿ 30,285. ಅಸಲು 727. ನಾನು ಮೊದಲು ಇದನ್ನು ಅಚ್ಚಿನ ತಪ್ಪೆಂದೇ ತಿಳಿದೆ. ಹಿಂದಿನ ತಿಂಗಳುಗಳ ಸಾಲುಗಳನ್ನು ಒಂದೊಂದಾಗಿ ನೋಡುತ್ತಾ ಹೋದ ಮೇಲೆ ತಪ್ಪೇನೂ ಇಲ್ಲವೆಂದೂ, ಒಂಬತ್ತು ತಿಂಗಳಿನಿಂದ ನನ್ನ ಗಮನಕ್ಕೆ ಬಾರದೆಯೇ ಇದು ನಡೆಯುತ್ತಾ ಬಂದಿದೆಯೆಂದೂ ಅರ್ಥವಾಯಿತು.

ಅಡುಗೆಮನೆಯ ಬಾಗಿಲಲ್ಲಿ ಕುಳಿತು ಬಸಳೆ ಸೊಪ್ಪು ಬಿಡಿಸುತ್ತಿದ್ದ ಅಮ್ಮ, ನನ್ನ ಮುಖ ನೋಡಿ ಏನಾಯಿತೆಂದು ಕೇಳಿದರು. ಹೇಳಿದೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, "ಹಾಗಾದರೆ ಇದು ಬಂಗಾರ ಅಡವಿಟ್ಟ ಹಾಗೇ ಆಯ್ತಲ್ಲ, ವರ್ಷ ವರ್ಷ ಬಡ್ಡಿ ಕಟ್ಟಿ ಚೀಟಿ ಬದಲಾಯಿಸುವುದು, ಅಸಲು ಅಲ್ಲಿಯೇ ಇರುವುದು" ಎಂದರು. ಕುಂದಾಪುರದ ಕಡೆಯ ನಮ್ಮ ಊರಿನ ಸಹಕಾರಿ ಸಂಘದಲ್ಲಿ ಅವರ ಎರಡು ಬಳೆಗಳು ಹೀಗೆಯೇ ಹನ್ನೊಂದು ವರ್ಷ ಕುಳಿತಿದ್ದವು. ಅಪ್ಪ ಮುಂಬಯಿಯ ಮಾಟುಂಗದ ಹೋಟೆಲಿನಲ್ಲಿ ದುಡಿದು ಕಳುಹಿಸಿದ ಹಣದಲ್ಲಿ ಪ್ರತಿ ಮಾರ್ಚ್ ತಿಂಗಳಲ್ಲಿ ಬಡ್ಡಿ ಮಾತ್ರ ತೀರುತ್ತಿತ್ತು. ಗೃಹಸಾಲದ ಬಗ್ಗೆ ನಾನು ಓದಿದ ಯಾವ ವಿವರಣೆಯೂ ಅಮ್ಮನ ಆ ಒಂದು ಮಾತಿನಷ್ಟು ಸ್ಪಷ್ಟವಾಗಿರಲಿಲ್ಲ.

ಡೊಂಬಿವಲಿಯ ಈ ಮನೆಯನ್ನು ನಾವು ಕೊಂಡದ್ದು 2020ರ ಡಿಸೆಂಬರಿನಲ್ಲಿ. ಕೋವಿಡ್‌ನಿಂದ ಕುಸಿದಿದ್ದ ಮನೆ ಮಾರಾಟಕ್ಕೆ ಚೇತರಿಕೆ ನೀಡಲು ಮಹಾರಾಷ್ಟ್ರ ಸರ್ಕಾರ ಆ ವರ್ಷದ ಸೆಪ್ಟೆಂಬರಿನಿಂದ ಡಿಸೆಂಬರಿನ ಕೊನೆಯವರೆಗೆ ಮುದ್ರಾಂಕ ಶುಲ್ಕದ ದರವನ್ನು ಮೂರು ಅಂಶದಷ್ಟು ಇಳಿಸಿತ್ತು. ರಿಸರ್ವ್ ಬ್ಯಾಂಕಿನ ರೆಪೊ ದರ, ಅಂದರೆ ಅದು ಬ್ಯಾಂಕುಗಳಿಗೆ ಸಾಲ ಕೊಡುವ ದರ, ಶೇ 4ಕ್ಕೆ ಇಳಿದಿತ್ತು. ನಮ್ಮ ಸಾಲದ ದರ ರೆಪೊಗೆ 3 ಸೇರಿಸಿದಷ್ಟು, ಅಂದರೆ ಶೇ 7. ಸಾಲ 40 ಲಕ್ಷ, ಅವಧಿ 20 ವರ್ಷ, ತಿಂಗಳ ಕಂತು 31,012. ಬ್ಯಾಂಕಿನಿಂದ ಮನೆಗೆ ಬಂದ ಪ್ರತಿನಿಧಿ ಕಂತಿನ ಅಂಕಿಯನ್ನು ಕಾಗದದ ಮೇಲೆ ದೊಡ್ಡದಾಗಿ ಬರೆದು, ಅದರ ಸುತ್ತ ಒಂದು ವೃತ್ತ ಎಳೆದು ತೋರಿಸಿದರು. ನಾವು ನಮ್ಮ ಸಂಬಳಗಳನ್ನು ಆ ವೃತ್ತದ ಪಕ್ಕದಲ್ಲಿಟ್ಟು ನೋಡಿ, ನಿಭಾಯಿಸಬಹುದೆಂದು ಒಪ್ಪಿಕೊಂಡೆವು.

ಆ ದಿನ ನಾನು 31,012ನ್ನು 240ರಿಂದ ಗುಣಿಸಿದ್ದೆ. ಒಟ್ಟು 74,42,880 ರೂಪಾಯಿ, ಅದರಲ್ಲಿ ಬಡ್ಡಿ 34 ಲಕ್ಷ 42 ಸಾವಿರಕ್ಕಿಂತ ಹೆಚ್ಚು. ಇಷ್ಟು ಲೆಕ್ಕ ಬಹಳಷ್ಟು ಜನ ಮಾಡುತ್ತಾರೆ, ಮಾಡಿ ಒಮ್ಮೆ ನಿಟ್ಟುಸಿರು ಬಿಟ್ಟು ಸಹಿ ಹಾಕುತ್ತಾರೆ. ನಾನು ಮಾಡದೇ ಬಿಟ್ಟ ಲೆಕ್ಕವೆಂದರೆ, ಈ 240 ಎಂಬ ಸಂಖ್ಯೆಗೆ ಯಾರೂ ಖಾತರಿ ಕೊಟ್ಟಿಲ್ಲ ಎಂಬುದರದ್ದು. ಬದಲಾಗುವ ದರದ ಸಾಲದಲ್ಲಿ ದರ ಏರಿದಾಗ ಎರಡರಲ್ಲಿ ಒಂದು ಬೆಳೆಯಲೇಬೇಕು, ಕಂತು ಇಲ್ಲವೇ ಅವಧಿ. ಕಂತು ಬೆಳೆದರೆ ಅದೇ ತಿಂಗಳು ಮನೆಯಲ್ಲಿ ಎಲ್ಲರಿಗೂ ಗೊತ್ತಾಗುತ್ತದೆ. ಅವಧಿ ಬೆಳೆದರೆ ಯಾರಿಗೂ ಗೊತ್ತಾಗುವುದಿಲ್ಲ, ಏಕೆಂದರೆ ಅದರ ಭಾರ ಬೀಳುವುದು ಇಪ್ಪತ್ತು ವರ್ಷಗಳ ಆಚೆ.

2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಹೊಸ ಬದಲಾಗುವ ದರದ ಗೃಹಸಾಲಗಳೆಲ್ಲ ರೆಪೊದಂತಹ ಹೊರಗಿನ ಮಾನದಂಡಕ್ಕೆ ಜೋಡಣೆಯಾಗಿರಬೇಕು, ಮೂರು ತಿಂಗಳಿಗೆ ಒಮ್ಮೆಯಾದರೂ ದರ ಮರುನಿಗದಿಯಾಗಬೇಕು ಎಂಬುದು ರಿಸರ್ವ್ ಬ್ಯಾಂಕಿನ ನಿಯಮ. ಅದಕ್ಕೂ ಮೊದಲು ಇಳಿಕೆಯ ಲಾಭ ಗ್ರಾಹಕರಿಗೆ ತಲುಪಲು ಬಹಳ ತಡವಾಗುತ್ತಿತ್ತು, ಆದುದರಿಂದ ಇದು ಒಳ್ಳೆಯ ನಿಯಮವೇ. ಆದರೆ ಏರಿಕೆಯೂ ಅಷ್ಟೇ ಬೇಗ ತಲುಪುತ್ತದೆ. 2022ರ ಮೇ 4ರಂದು ರೆಪೊ ಏರತೊಡಗಿ, ಆರು ಏರಿಕೆಗಳ ನಂತರ 2023ರ ಫೆಬ್ರವರಿಯಲ್ಲಿ ಶೇ 6.50 ತಲುಪಿತು. ನನ್ನ ಖಾತೆಯಲ್ಲಿ ಅದರ ಹೆಜ್ಜೆಗುರುತುಗಳು ಹೀಗಿದ್ದವು: 2022ರ ಜೂನ್‌ನಲ್ಲಿ ಕಂತಿನಿಂದ ಅಸಲಿಗೆ ಹೋದದ್ದು 8,477 ರೂಪಾಯಿ. ಜುಲೈಯಲ್ಲಿ 5,635. ಅಕ್ಟೋಬರಿನಲ್ಲಿ 2,549. ಜನವರಿಯಲ್ಲಿ 1,489. ಏಪ್ರಿಲ್‌ನಲ್ಲಿ 727. ಈ ಇಡೀ ಅವಧಿಯಲ್ಲಿ ಪ್ರತಿ ತಿಂಗಳ 5ನೇ ತಾರೀಖು ಮೊಬೈಲಿಗೆ ಬರುತ್ತಿದ್ದ ಸಂದೇಶ ಮಾತ್ರ ಒಂದೇ, 31,012 ರೂಪಾಯಿ ಕಡಿತವಾಗಿದೆ ಎಂದು. ಕಂತು ಬದಲಾಗದ್ದರಿಂದ ನಮಗೇನೂ ಆಗಿಲ್ಲವೆಂದೇ ನಾವು ನಂಬಿದ್ದೆವು. ಕಚೇರಿಯಲ್ಲಿ ಸಹೋದ್ಯೋಗಿಗಳು ದರ ಏರಿಕೆಯ ಬಗ್ಗೆ ಮಾತನಾಡುವಾಗ, ನಮ್ಮ ಕಂತು ಏರಿಲ್ಲವೆಂದು ಸಮಾಧಾನದಿಂದ ಹೇಳಿದ್ದೂ ನೆನಪಿದೆ.

ಇಪ್ಪತ್ತೇಳು ಕಂತುಗಳಲ್ಲಿ ನಾವು ಕಟ್ಟಿದ್ದು 8,37,324 ರೂಪಾಯಿ, ಅಸಲು ಕರಗಿದ್ದು 1,74,509 ರೂಪಾಯಿ. ಉಳಿದಿದ್ದ 38,25,491 ರೂಪಾಯಿ ಅಸಲನ್ನು ಶೇ 9.5ರ ದರದಲ್ಲಿ, ಅದೇ 31,012ರ ಕಂತಿನಲ್ಲಿ ತೀರಿಸಲು ಎಷ್ಟು ತಿಂಗಳು ಬೇಕೆಂದು ಆ ರಾತ್ರಿ ಕುಳಿತು ಲೆಕ್ಕ ಹಾಕಿದೆ. ಮೂಲ ಒಪ್ಪಂದದ ಪ್ರಕಾರ 213 ತಿಂಗಳು ಉಳಿದಿರಬೇಕಿತ್ತು. ಲೆಕ್ಕಕ್ಕೆ ಬಂದದ್ದು 476 ತಿಂಗಳು. 2062ರ ನವೆಂಬರ್. ಆಗ ನನಗೆ 81 ವರ್ಷ.

ಮರುದಿನ ಅರ್ಧ ದಿನ ರಜೆ ಹಾಕಿ ಶಾಖೆಗೆ ಹೋದೆ. ಅಲ್ಲಿದ್ದ ಅಧಿಕಾರಿ ಸೌಜನ್ಯದಿಂದಲೇ ಮಾತನಾಡಿದರು. ಗ್ರಾಹಕರಿಗೆ ತೊಂದರೆಯಾಗದಿರಲೆಂದು ಕಂತನ್ನು ಹಾಗೆಯೇ ಉಳಿಸಿ ಅವಧಿಯನ್ನು ಹೊಂದಿಸುವುದು ಅವರಲ್ಲಿನ ರೂಢಿಯಂತೆ. ಸಾಲಗಾರನಿಗೆ 70 ವರ್ಷ ತುಂಬುವವರೆಗೆ ಮಾತ್ರ ಹಾಗೆ ಬೆಳೆಸುತ್ತಾರಂತೆ, ಅಲ್ಲಿಗೂ ಸಾಲದಿದ್ದರೆ ಆಗ ಕಂತು ಏರಿಸುತ್ತಾರಂತೆ. 213 ತಿಂಗಳಲ್ಲೇ ಮುಗಿಯಬೇಕಾದರೆ ಕಂತು ಎಷ್ಟಾಗಬೇಕೆಂದು ಕೇಳಿದೆ. ಯಂತ್ರದಲ್ಲಿ ಒತ್ತಿ ನೋಡಿ 37,226 ಎಂದರು. ತಿಂಗಳಿಗೆ 6,214 ರೂಪಾಯಿ ಹೆಚ್ಚು.

ಈ 6,214 ರೂಪಾಯಿಯ ಬೆಲೆಯೇನೆಂದು ನೋಡಬೇಕು. ದರ ಶೇ 9.5ರಲ್ಲೇ ನಿಂತಿತೆಂದು ಇಟ್ಟುಕೊಂಡರೆ, 37,226ರಂತೆ 213 ತಿಂಗಳು ಕಟ್ಟುವುದು ಒಟ್ಟು 79 ಲಕ್ಷ 29 ಸಾವಿರ. 31,012ರಂತೆ 476 ತಿಂಗಳು ಕಟ್ಟುವುದು 1 ಕೋಟಿ 47 ಲಕ್ಷ 61 ಸಾವಿರ. ಎರಡರ ನಡುವಿನ ಅಂತರ 68 ಲಕ್ಷಕ್ಕಿಂತ ಹೆಚ್ಚು, ಅಂದರೆ ನಾವು ಪಡೆದ ಸಾಲಕ್ಕಿಂತಲೂ ದೊಡ್ಡ ಮೊತ್ತ. 70ರ ವಯಸ್ಸಿನ ಮಿತಿಯಿಂದ ಈ ಮೊತ್ತ ಕಡಿಮೆಯಾಗುತ್ತಿತ್ತು, ನಿಜ. ಆದರೂ ನಿವೃತ್ತಿಯ ನಂತರದ ಹತ್ತು ವರ್ಷ ಮನೆಯ ಕಂತು ಕಟ್ಟಬೇಕಾದ ಸ್ಥಿತಿಯನ್ನು, ನನ್ನದೊಂದು ಮಾತೂ ಕೇಳದೆ, ನನ್ನ ಅನುಕೂಲಕ್ಕೆಂದೇ ನಿರ್ಧರಿಸಲಾಗಿತ್ತು ಎಂಬುದು ಈಗಲೂ ನನ್ನನ್ನು ನೋಯಿಸುತ್ತದೆ. ಅಲ್ಲಿಯೇ ಅರ್ಜಿ ಬರೆದು, ಮೇ ತಿಂಗಳಿನಿಂದ ಕಂತನ್ನು 37,500 ಮಾಡಿಸಿದೆ. ಆ ವರ್ಷ ಮಗಳ ಬೇಸಿಗೆ ಶಿಬಿರ, ಊರಿಗೆ ಹೋಗುವ ಪ್ರಯಾಣ, ಹೊಸ ಫ್ರಿಜ್ಜು, ಮೂರನ್ನೂ ಬಿಟ್ಟೆವು.

ಅದೇ ವರ್ಷ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಇದೇ ವಿಷಯಕ್ಕೆ ಒಂದು ಸುತ್ತೋಲೆ ಹೊರಡಿಸಿತು. ದರ ಮರುನಿಗದಿಯಾದಾಗ ಕಂತು ಏರಿಸಬೇಕೋ, ಅವಧಿ ಬೆಳೆಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎಂಬ ಆಯ್ಕೆ ಸಾಲಗಾರನದ್ದೆಂದೂ, ಕಟ್ಟಿದ ಬಡ್ಡಿ ಮತ್ತು ಅಸಲು, ಕಂತಿನ ಮೊತ್ತ, ಉಳಿದ ಕಂತುಗಳ ಸಂಖ್ಯೆ, ವಾರ್ಷಿಕ ದರ ಇವಿಷ್ಟೂ ಇರುವ ವಿವರಪಟ್ಟಿಯನ್ನು ಮೂರು ತಿಂಗಳಿಗೊಮ್ಮೆ ಒದಗಿಸಬೇಕೆಂದೂ ಅದು ಹೇಳುತ್ತದೆ. ಅವಧಿ ಬೆಳೆಸಿದರೂ ಕಂತು ಆ ತಿಂಗಳ ಬಡ್ಡಿಗಿಂತ ಕಡಿಮೆಯಾಗಿ ಸಾಲ ತಾನಾಗಿ ಊದಿಕೊಳ್ಳುವಂತಿರಬಾರದೆಂಬ ಕಟ್ಟಳೆಯೂ ಅದರಲ್ಲಿದೆ. ಗೃಹಸಾಲವಿರುವ ಪ್ರತಿಯೊಬ್ಬರೂ ಆ ತ್ರೈಮಾಸಿಕ ವಿವರಪಟ್ಟಿಯನ್ನು ತೆರೆದು, ಉಳಿದ ಕಂತುಗಳ ಸಂಖ್ಯೆಯ ಮೇಲೆ ಮೊದಲು ಕಣ್ಣು ಹಾಯಿಸಬೇಕೆಂದು ನಾನು ಕಳಕಳಿಯಿಂದ ಕೇಳಿಕೊಳ್ಳುತ್ತೇನೆ.

ಇಂತಹ ಪರಿಸ್ಥಿತಿ ಬರುವುದಕ್ಕೆ ಕಾರಣ ಕಂತಿನ ರಚನೆಯಲ್ಲೇ ಇದೆ. ಆರಂಭದ ವರ್ಷಗಳಲ್ಲಿ ಕಂತೆಂಬುದು ಬಹುಪಾಲು ಬಡ್ಡಿಯೇ. ನಮ್ಮ ಮೊದಲ ಕಂತಿನಲ್ಲಿ ಬಡ್ಡಿ 23,333, ಅಸಲು 7,679. ಅವಧಿ ಉದ್ದವಾದಷ್ಟೂ ಈ ಅಸಲಿನ ಪಾಲು ತೆಳುವಾಗುತ್ತದೆ, ತೆಳುವಾದಷ್ಟೂ ದರದ ಸಣ್ಣ ಏರಿಕೆ ಅದನ್ನು ಪೂರ್ತಿ ನುಂಗಿಬಿಡುತ್ತದೆ. ನಮಗೆ ಆಗ 30 ವರ್ಷದ ಅವಧಿಯನ್ನೂ ತೋರಿಸಿದ್ದರು, ಕಂತು 26,612. ತಿಂಗಳಿಗೆ 4,400 ರೂಪಾಯಿ ಉಳಿಯುತ್ತದೆಂದು ನನ್ನ ಹೆಂಡತಿಗೂ ನನಗೂ ಮನಸ್ಸು ಅತ್ತ ವಾಲಿತ್ತು. ಆ 4,400ಕ್ಕೆ ಪ್ರತಿಯಾಗಿ ಒಟ್ಟು ಪಾವತಿ 21 ಲಕ್ಷ 37 ಸಾವಿರ ಹೆಚ್ಚಾಗುತ್ತಿತ್ತು. ಅದಕ್ಕಿಂತ ಭಯ ಹುಟ್ಟಿಸುವ ಸಂಗತಿಯನ್ನು ನಾನು ನಂತರ ಕಂಡುಕೊಂಡೆ: 40 ಲಕ್ಷಕ್ಕೆ ಶೇ 8ರ ದರದಲ್ಲಿ ಒಂದು ತಿಂಗಳ ಬಡ್ಡಿಯೇ 26,667. ಅಂದರೆ ದರ ಶೇ 7ರಿಂದ 8ಕ್ಕೆ, ಕೇವಲ ಒಂದಂಶ ಏರಿದ್ದರೂ ಆ ಮೂವತ್ತು ವರ್ಷದ ಕಂತು ಬಡ್ಡಿಗೂ ಸಾಲುತ್ತಿರಲಿಲ್ಲ. ದರ ಅತ್ಯಂತ ಕಡಿಮೆ ಇರುವ ಕಾಲದಲ್ಲಿ ಅತ್ಯಂತ ಉದ್ದದ ಅವಧಿಗೆ ಸಾಲ ಪಡೆಯುವುದು ಅಗ್ಗವಾಗಿ ಕಾಣುತ್ತದೆ, ಆದರೆ ಎಲ್ಲಕ್ಕಿಂತ ದುರ್ಬಲವಾದ ಒಪ್ಪಂದ ಅದೇ.

ಸಾಲದ ಜೊತೆಗೆ ಬರುವ ಉಳಿದ ಖರ್ಚುಗಳು ಗೊತ್ತಿರುವಂಥವೇ. 30ರಿಂದ 75 ಲಕ್ಷದವರೆಗಿನ ಸಾಲಕ್ಕೆ ಬ್ಯಾಂಕು ಮನೆಯ ಬೆಲೆಯ ಶೇ 80ರಷ್ಟನ್ನು ಮಾತ್ರ ಕೊಡಬಹುದು. ಮುದ್ರಾಂಕ ಶುಲ್ಕ, ನೋಂದಣಿ ಶುಲ್ಕಗಳು ಆ ಬೆಲೆಯಲ್ಲಿ ಸೇರುವುದಿಲ್ಲ, ಕೈಯಿಂದಲೇ ಹೋಗಬೇಕು. ಒಂದು ವಿಷಯವನ್ನು ಮಾತ್ರ ಬಿಡಿಸಿ ಹೇಳಬೇಕು. ಸಾಲದ ಸಮಯದಲ್ಲಿ ನಮಗೆ 1,20,000 ರೂಪಾಯಿಯ ಒಂದೇ ಕಂತಿನ ವಿಮೆಯನ್ನು ಸೂಚಿಸಿ, ಹಣವನ್ನು ಈಗ ಕೊಡಬೇಕಿಲ್ಲ, ಸಾಲಕ್ಕೆ ಸೇರಿಸುತ್ತೇವೆ, ಕಂತು ಒಂಬೈನೂರು ಚಿಲ್ಲರೆ ಏರುತ್ತದಷ್ಟೇ ಎಂದಿದ್ದರು. ಆ ಒಂಬೈನೂರು ಚಿಲ್ಲರೆಯನ್ನು 240 ತಿಂಗಳು ಕಟ್ಟಿದರೆ ವಿಮೆಯ ಬೆಲೆ 2 ಲಕ್ಷ 23 ಸಾವಿರವಾಗುತ್ತಿತ್ತು. ಸಾಲವಿರುವವರಿಗೆ ಜೀವವಿಮೆ ಬೇಕೇ ಬೇಕು, ಅದರಲ್ಲಿ ಎರಡು ಮಾತಿಲ್ಲ. ನಾವು ಬೇರೆಯಾಗಿ ಟರ್ಮ್ ಪಾಲಿಸಿ ಮಾಡಿಸಿಕೊಂಡು ವರ್ಷಕ್ಕೊಮ್ಮೆ ಪ್ರೀಮಿಯಂ ಕಟ್ಟುತ್ತಿದ್ದೇವೆ.

ತೆರಿಗೆಯ ಮಾತನ್ನೂ ಇಲ್ಲಿ ಆಡಬೇಕು, ಏಕೆಂದರೆ ಸಾಲವನ್ನು ಬೇಗ ತೀರಿಸಬೇಡಿ, ತೆರಿಗೆ ಉಳಿಯುತ್ತದೆ ಎಂಬ ಸಲಹೆಯನ್ನು ನಾನು ಲೆಕ್ಕವಿಲ್ಲದಷ್ಟು ಸಲ ಕೇಳಿದ್ದೇನೆ. ಹಳೆಯ ತೆರಿಗೆ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ಮಾತ್ರ ವಿನಾಯಿತಿ. ಶೇ 9.5ರ ದರವಿದ್ದ ವರ್ಷ ನಾವು ಕಟ್ಟಿದ ಬಡ್ಡಿ ಅದಕ್ಕಿಂತ ಒಂದೂವರೆ ಲಕ್ಷ ಹೆಚ್ಚಿತ್ತು. ಹೊಸ ಪದ್ಧತಿಯಲ್ಲಂತೂ ಸ್ವಂತ ವಾಸದ ಮನೆಗೆ ಆ ವಿನಾಯಿತಿಯೇ ಇಲ್ಲ. ವಿನಾಯಿತಿ ಪೂರ್ತಿ ಸಿಕ್ಕರೂ, ಶೇ 30ರ ಹಂತದಲ್ಲಿರುವವರು ನೂರು ರೂಪಾಯಿ ಬಡ್ಡಿ ಕೊಟ್ಟು ಸುಮಾರು ಮೂವತ್ತೊಂದು ರೂಪಾಯಿ ತೆರಿಗೆ ಉಳಿಸುತ್ತಾರೆ. ಉಳಿದ ಅರವತ್ತೊಂಬತ್ತು ಮನೆಯಿಂದಲೇ ಹೋಗುತ್ತದೆ.

2025ರಲ್ಲಿ ಗಾಳಿ ಇತ್ತ ತಿರುಗಿತು. ಫೆಬ್ರವರಿಯಿಂದ ಡಿಸೆಂಬರಿನೊಳಗೆ ರೆಪೊ ಶೇ 6.50ರಿಂದ 5.25ಕ್ಕೆ ಇಳಿಯಿತು, 2026ರ ಜನವರಿಯಿಂದ ನಮ್ಮ ದರ ಶೇ 8.25 ಆಯಿತು. ಈ ಸಲ ಬ್ಯಾಂಕಿನಿಂದ ತಕ್ಷಣ ಕರೆ ಬಂತು: ಕಂತನ್ನು 34,365ಕ್ಕೆ ಇಳಿಸಿಕೊಡಬಹುದು, 2040ರ ಡಿಸೆಂಬರಿಗೆ ಸರಿಯಾಗಿ ಮುಗಿಯುತ್ತದೆ, ಇಳಿಸಲೇ ಎಂದು. ಬೇಡವೆಂದೆ. ಉಳಿದಿದ್ದ 35,42,289 ರೂಪಾಯಿ ಅಸಲಿಗೆ 37,500ನ್ನೇ ಕಟ್ಟುತ್ತಾ ಹೋದರೆ 153 ತಿಂಗಳು, ಅಂದರೆ 2038ರ ಸೆಪ್ಟೆಂಬರ್. ಇಳಿಸಿದ ಕಂತಿನಲ್ಲಿ 180 ತಿಂಗಳು. ಎರಡರ ಒಟ್ಟು ಪಾವತಿಯ ಅಂತರ ಸುಮಾರು 4 ಲಕ್ಷ 48 ಸಾವಿರ. ತಿಂಗಳಿಗೆ ಮೂರು ಸಾವಿರ ಚಿಲ್ಲರೆ ಕೈಗೆ ಸಿಗುತ್ತಿತ್ತು, ಅದರ ಅಗತ್ಯವೂ ಇತ್ತು, ಆದರೆ ಆ ಮೊತ್ತವಿಲ್ಲದೆ ಮನೆ ನಡೆಸಲು ನಾವು ಎರಡೂವರೆ ವರ್ಷದಲ್ಲಿ ಕಲಿತುಬಿಟ್ಟಿದ್ದೆವು.

ನಡುವೆ ಒಂದಿಷ್ಟು ಹಣ ಕೂಡಿದಾಗ ಅಸಲಿಗೆ ತುಂಬುವುದು ಇದಕ್ಕಿಂತಲೂ ಬಲವಾದ ದಾರಿ. ಬದಲಾಗುವ ದರದ ಗೃಹಸಾಲವನ್ನು ಅವಧಿಗೆ ಮೊದಲೇ ತೀರಿಸಿದರೆ ಬ್ಯಾಂಕುಗಳು ದಂಡ ವಿಧಿಸುವಂತಿಲ್ಲವೆಂದು ರಿಸರ್ವ್ ಬ್ಯಾಂಕ್ 2012ರಲ್ಲೇ ನಿಯಮ ಮಾಡಿದೆ. ನಮ್ಮ ಇಂದಿನ ಲೆಕ್ಕದಲ್ಲಿ ಒಂದು ಲಕ್ಷ ತುಂಬಿದರೆ ಕೊನೆಯ ಏಳಕ್ಕಿಂತ ಹೆಚ್ಚು ಕಂತುಗಳು, ಸುಮಾರು 2 ಲಕ್ಷ 79 ಸಾವಿರ ರೂಪಾಯಿ, ಇಲ್ಲವಾಗುತ್ತವೆ. ಹಾಗೆಂದು ಕೈಯಲ್ಲಿರುವುದನ್ನೆಲ್ಲ ಅಲ್ಲಿ ಸುರಿಯಲು ನಾನು ಒಪ್ಪುವುದಿಲ್ಲ. ಆರು ತಿಂಗಳ ಖರ್ಚು ಮತ್ತು ಕಂತಿನಷ್ಟು ಹಣವನ್ನು ಬದಿಗಿಟ್ಟ ಮೇಲೆಯೇ ನಾವು ಮುಂಗಡದ ಮಾತು ತೆಗೆಯುವುದು. ಕೆಲಸ ಹೋದ ತಿಂಗಳು, ಹಿಂದೆ ತುಂಬಿದ ಹೆಚ್ಚುವರಿ ಅಸಲಿಗೆ ಬದಲಾಗಿ ಈ ತಿಂಗಳ ಕಂತನ್ನು ಮನ್ನಾ ಮಾಡಿ ಎಂದರೆ ಬ್ಯಾಂಕು ಮಾಡುವುದಿಲ್ಲ.

ಇಷ್ಟು ದೊಡ್ಡ ಅಂಕಿಗಳನ್ನು ಬರೆಯುವಾಗ ಒಂದು ಮಾತನ್ನು ನ್ಯಾಯವಾಗಿ ಹೇಳಬೇಕು. 2038ರ ರೂಪಾಯಿ ಇಂದಿನ ರೂಪಾಯಿಯಷ್ಟು ಬಾಳುವುದಿಲ್ಲ, ಆದುದರಿಂದ ಇಪ್ಪತ್ತು ವರ್ಷದ ಕಂತುಗಳನ್ನು ಸುಮ್ಮನೆ ಕೂಡಿಸಿ ಬಂದ ಮೊತ್ತವೇ ಸಾಲದ ನಿಜವಾದ ಭಾರವೆನ್ನುವುದು ಪೂರ್ತಿ ಸರಿಯಲ್ಲ. ನಮ್ಮ ಕಟ್ಟಡದಲ್ಲಿ ಇಂತಹುದೇ ಮನೆಗೆ ಈಗ 16,000 ಬಾಡಿಗೆಯಿದೆ, ಅದು ನಮಗೆ ಉಳಿಯುತ್ತಿದೆ. ಹನ್ನೊಂದು ತಿಂಗಳಿಗೊಮ್ಮೆ ಕರಾರು ಬದಲಿಸುತ್ತಾ, ಠಾಣೆಯಿಂದ ಡೊಂಬಿವಲಿಯವರೆಗೆ ನಾಲ್ಕು ಮನೆ ಬದಲಾಯಿಸಿದ ನಂತರ ಅಮ್ಮನಿಗೆ ಸಿಕ್ಕ ನೆಮ್ಮದಿಗೆ ಬೆಲೆ ಕಟ್ಟಲು ನನಗೆ ಬರುವುದಿಲ್ಲ. ಮನೆ ಕೊಂಡದ್ದಕ್ಕೆ ನನಗೆ ಪಶ್ಚಾತ್ತಾಪವಿಲ್ಲ. ನನ್ನ ತಕರಾರು ಇರುವುದು, ವೃತ್ತ ಎಳೆದ ಆ ಒಂದೇ ಅಂಕಿಯನ್ನು ನೋಡಿ ನಾವು ಅಷ್ಟು ದೊಡ್ಡ ನಿರ್ಧಾರ ಮಾಡಿದ್ದರ ಬಗ್ಗೆ.

ಕಳೆದ ತಿಂಗಳು ನಮ್ಮ ಕನ್ನಡ ಸಂಘದ ಸಂಕ್ರಾಂತಿ ಕೂಟದಲ್ಲಿ ಎಳ್ಳುಬೆಲ್ಲ ಹಂಚುತ್ತಿದ್ದಾಗ, ಬದಲಾಪುರದಲ್ಲಿ ಮನೆ ನೋಡುತ್ತಿರುವ ಯುವ ದಂಪತಿ ಸಿಕ್ಕರು. ಮೊಬೈಲಿನಲ್ಲಿ ಮೂರು ಬ್ಯಾಂಕುಗಳ ಕಂತುಗಳನ್ನು ತೋರಿಸಿ, ಯಾವುದು ಕಡಿಮೆಯೆಂದು ಕೇಳಿದರು. ಮೂರೂ ಮೂವತ್ತು ವರ್ಷದವು. 2024ರ ಅಕ್ಟೋಬರ್ 1ರ ನಂತರದ ಹೊಸ ಸಾಲಗಳಿಗೆ ಬ್ಯಾಂಕುಗಳು ಮುಖ್ಯಾಂಶಗಳ ಪತ್ರವೊಂದನ್ನು ಕೊಡಲೇಬೇಕು, ಎಲ್ಲ ಶುಲ್ಕಗಳನ್ನೂ ಸೇರಿಸಿದ ವಾರ್ಷಿಕ ದರ ಮತ್ತು ಕಂತುಗಳ ಪೂರ್ತಿ ಪಟ್ಟಿ ಅದರಲ್ಲಿರುತ್ತದೆ, ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿರಬೇಕು ಎಂದು ಹೇಳಿ, ಸಹಿ ಹಾಕುವ ಮೊದಲು ಅದನ್ನು ಕೇಳಿ ಪಡೆಯಿರಿ ಎಂದೆ. ದರ ಎರಡೂವರೆ ಅಂಶ ಏರಿದರೆ ತಮ್ಮ ಕಂತು ಎಷ್ಟಾಗುತ್ತದೆಂದು ಅದೇ ಬ್ಯಾಂಕಿನವರಿಂದ ಬರೆಸಿಕೊಳ್ಳಲೂ ಹೇಳಿದೆ. ಆ ಹುಡುಗಿ ಎರಡೂವರೆ ಎಂಬುದನ್ನು ಕೈಮೇಲೆ ಪೆನ್ನಿನಿಂದ ಬರೆದುಕೊಂಡಳು.

ಅಮ್ಮನಿಗಾಗಿ ನಾನೊಂದು ನೋಟುಪುಸ್ತಕ ಇಟ್ಟಿದ್ದೇನೆ. ತಿಂಗಳ 5ನೇ ತಾರೀಖು ಸಂಜೆ ಅವರು ಅದನ್ನು ತೆಗೆದುಕೊಂಡು ಬಂದು, ಕಂತಿನ ಮಾತೆತ್ತದೆ, ಅಸಲಿಗೆ ಎಷ್ಟು ಹೋಯಿತು, ಇನ್ನೆಷ್ಟು ತಿಂಗಳು ಎಂದು ಎರಡೇ ಪ್ರಶ್ನೆ ಕೇಳುತ್ತಾರೆ. ಜನವರಿಯ ಸಾಲಿನಲ್ಲಿ 13,147 ಎಂದು ಬರೆದೆ. ಅವರು ಕನ್ನಡಕ ಹಾಕಿಕೊಂಡು, 727 ಇರುವ ಪುಟವನ್ನು ಹಿಂದಕ್ಕೆ ತಿರುವಿ ನೋಡಿ, ಪುಸ್ತಕವನ್ನು ದೇವರ ಮಣೆಯ ಕೆಳಗಿನ ಡ್ರಾಯರಿನಲ್ಲಿ ಇಟ್ಟರು.